ನಾಲ್ಕನೇ ಸ್ವಿಚ್ಚು

ಆ ಪೆಟ್ಟಿಗೆಯನ್ನು ನಾನು ಕೆರೆಗೆ ಎಸೆಯಲಿಲ್ಲ. ಎಸೆ ಎಂದು ಅವ್ವ ಹೇಳಿದಳು, ಫೋರ್‌ಮನ್ ಹೇಳಿದರು, ಗಿಟಾರನ್ನು ಕಣ್ಣಿಂದಲೂ ಕಾಣದವರು ಮನೆಗೆ ಬಂದು ಹೇಳಿಹೋದರು. ಅದು ಇವತ್ತಿಗೂ ನನ್ನ ಬಟ್ಟೆ ಬೀರುವಿನ ಕೆಳಗಿನ ಖಾನೆಯಲ್ಲಿದೆ. ತಗಡಿನ ಮೈ, ಮೇಲೆ ಸಾಲಾಗಿ ಐದು ಸ್ವಿಚ್ಚು. ನಾಲ್ಕನೆಯದರ ಪಕ್ಕ ಅಂಟಿದ ಕುಂಕುಮದ ಕಲೆ ಎಷ್ಟು ಉಜ್ಜಿದರೂ ಹೋಗಿಲ್ಲ. ತಪ್ಪು ಪೆಟ್ಟಿಗೆಯದಲ್ಲ ಎಂದು ಅವತ್ತು ಹೇಳಿದ್ದೆ. ಈಗಲೂ ಅದನ್ನೇ ಹೇಳುತ್ತೇನೆ. ತಪ್ಪು ಯಾರದು ಎಂಬುದನ್ನೂ ಹೇಳುತ್ತೇನೆ. ಅದರಲ್ಲಿ ನನ್ನದೂ ಇದೆ.

ಎಂಬತ್ತರ ದಶಕದ ನಡುವಿನ ವರ್ಷಗಳವು. ಕೃಷ್ಣಗಿರಿಯಲ್ಲಿ ಬಿ.ಎಸ್ಸಿ. ಮುಗಿಸಿ ಬಂದ ನಾನು ಹೊಸೂರಿನ ಪಕ್ಕದ ಮೂಕಂಡಪಲ್ಲಿಯ ಒಂದು ಸಣ್ಣ ಕಾರ್ಖಾನೆಯಲ್ಲಿ ಕೆಲಸಕ್ಕೆ ಸೇರಿದ್ದೆ. ದೊಡ್ಡ ಕಾರ್ಖಾನೆಗಳ ಯಂತ್ರಗಳಿಗೆ ಬೇಕಾದ ಕಂಟ್ರೋಲ್ ಪ್ಯಾನೆಲ್‌ಗಳನ್ನು ನಾವು ಮಾಡಿಕೊಡುತ್ತಿದ್ದೆವು. ನನ್ನದು ಟೆಸ್ಟಿಂಗ್ ಮೇಜು. ನಮ್ಮಣ್ಣ ಅಲ್ಲೇ ವೈರ್‌ಮನ್. ಬಾಗಲೂರಿನ ಹತ್ತಿರದ ನಮ್ಮ ಹಳ್ಳಿಯಿಂದ ಇಬ್ಬರೂ ಒಂದೇ ಬಸ್ಸಿಗೆ ಬರುತ್ತಿದ್ದೆವು. ನನ್ನ ಕೈಯಲ್ಲಿ ಇಬ್ಬರ ಊಟದ ಡಬ್ಬಿ, ಅವನ ಕೈಯಲ್ಲಿ ಗೋಣಿತಾಟಿನ ಚೀಲದೊಳಗೆ ಗಿಟಾರು. ಕಂಡಕ್ಟರ್ ದಿನಾ ಕೇಳುತ್ತಿದ್ದ, ಈ ಹೆಣಕ್ಕೂ ಒಂದು ಟಿಕೆಟ್ ಹರಿಯಲಾ ಅಂತ.

ಕಾರ್ಖಾನೆಯವರದೇ ಒಂದು ಆರ್ಕೆಸ್ಟ್ರಾ ಇತ್ತು. ಅದಕ್ಕೆ ಯಜಮಾನರು, ಮುಖ್ಯ ಗಾಯಕರು ಎಲ್ಲ ನಮ್ಮ ಫೋರ್‌ಮನ್ನೇ. ತಮಿಳಿನವರು, ಐವತ್ತರ ಹತ್ತಿರದವರು, ಗಂಟಲು ತುಂಬ ಚೆನ್ನಾಗಿತ್ತು. ಮದುವೆ ಛತ್ರದಲ್ಲಿ ಒಂದೇ ಸಂಜೆ ಕನ್ನಡ, ತಮಿಳು, ತೆಲುಗು ಮೂರರಲ್ಲೂ ಹಾಡಬೇಕಿತ್ತು. ಒಂದು ಭಾಷೆ ಬಿಟ್ಟರೆ ಒಂದು ಕಡೆಯ ಬೀಗರು ಎದ್ದು ಊಟಕ್ಕೆ ಹೋಗಿಬಿಡುತ್ತಿದ್ದರು.

ಕಷ್ಟವಿದ್ದದ್ದು ಅಣ್ಣನ ಕಾಲಿಗೆ. ಅವನ ಮುಂದೆ ನೆಲದ ಮೇಲೆ ಮೂರು ಡಬ್ಬಿಗಳು. ಒಂದು ಸ್ವರವನ್ನು ಒರಟು ಮಾಡುವುದು, ಒಂದು ಪ್ರತಿಧ್ವನಿ ಕೊಡುವುದು, ಇನ್ನೊಂದು ಗಿಟಾರು ಮಗುವಿನ ಹಾಗೆ ಅಳುವಂತೆ ಮಾಡುವುದು. ಹಿಂದೆ ಎರಡು ಆಂಪ್ಲಿಫೈಯರ್. ಒಂದು ಹೊಸದು, ಮೆತ್ತಗಿನ ದನಿಯದ್ದು. ಇನ್ನೊಂದು ಬೆಂಗಳೂರಿನ ಹಳೇ ಸಾಮಾನಿನ ಅಂಗಡಿಯಿಂದ ಬಂದದ್ದು. ಒಳಗೆ ಗಾಜಿನ ವಾಲ್ವುಗಳು ಕೆಂಡದಂತೆ ಉರಿಯುತ್ತಿದ್ದವು, ಸಿಟ್ಟಿನ ಹಾಡಿಗೆ ಅದೇ ಬೇಕು. ಪಲ್ಲವಿಯಿಂದ ಚರಣಕ್ಕೆ ಹೋಗುವಷ್ಟರಲ್ಲಿ ಕಾಲಲ್ಲೇ ಎರಡು ಡಬ್ಬಿ ಆರಿಸಿ, ಒಂದು ಹಚ್ಚಿ, ಹಿಂದಕ್ಕೆ ತಿರುಗಿ ತಂತಿ ಬದಲಾಯಿಸಬೇಕು. ಅವನು ಕುಣಿಯುವುದನ್ನು ನೋಡಲಿಕ್ಕೇ ಜನ ಮುಂದಿನ ಸಾಲಿನಲ್ಲಿ ಕೂರುತ್ತಿದ್ದರು.

ಪರಿಹಾರ ನಮ್ಮ ಮೇಜಿನ ಮೇಲೇ ಇತ್ತು. ನಾವು ದಿನವೂ ಮಾಡುತ್ತಿದ್ದ ಕೆಲಸವೇ ಅದು: ಒಂದು ಗುಂಡಿ ಒತ್ತಿದರೆ ಯಂತ್ರದ ಮೋಟಾರು ತಿರುಗಬೇಕು, ಎಣ್ಣೆ ಹರಿಯಬೇಕು, ದೀಪ ಹತ್ತಬೇಕು. ರಿಲೇ ಎಂಬ ಪುಟ್ಟ ವಿದ್ಯುತ್ ಬಾಗಿಲುಗಳು ಅದನ್ನು ಮಾಡುತ್ತವೆ. ಟೆಸ್ಟಿಂಗ್‌ನಲ್ಲಿ ನಾನೇ ಬೇಡವೆಂದು ತೆಗೆದಿಟ್ಟ ರಿಲೇಗಳು ಒಂದು ಡಬ್ಬಿ ತುಂಬ ಇದ್ದವು. ಕೆಲವು ಸ್ವಲ್ಪ ಗುಂಯ್‌ಗುಡುತ್ತಿದ್ದವು ಅಷ್ಟೇ, ಬಾಗಿಲು ಸರಿಯಾಗೇ ತೆರೆದು ಮುಚ್ಚುತ್ತಿದ್ದವು. ಕಳಚಿ ಹಾಕಿದ ಒಂದು ಹಳೇ ಯಂತ್ರದ ಪಿನ್ ಬೋರ್ಡ್ ಕೂಡ ಸಿಕ್ಕಿತು. ಚೌಕಾಬಾರದ ಮನೆಯ ಹಾಗೆ ಸಾಲು ಸಾಲು ತೂತುಗಳಿದ್ದ ಹಲಗೆ ಅದು. ಅಡ್ಡ ಸಾಲು ಐದು, ಐದು ಸ್ವಿಚ್ಚಿಗೆ. ಉದ್ದ ಸಾಲು ಐದು, ಮೂರು ಡಬ್ಬಿಗೆ, ಎರಡು ಆಂಪ್ಲಿಫೈಯರ್‌ಗೆ. ಮೂರನೇ ಸ್ವಿಚ್ಚಿಗೆ ಪ್ರತಿಧ್ವನಿ ಬೇಕೆಂದರೆ ಆ ಮನೆಯಲ್ಲಿ ಒಂದು ಹಿತ್ತಾಳೆ ಪಿನ್ ಚುಚ್ಚಿದರಾಯಿತು. ಬೇಡವೆಂದರೆ ಕಿತ್ತರಾಯಿತು. ಹಾಡು ಬದಲಾದಾಗ ಪಿನ್ ಬದಲಾಯಿಸುವುದು. ಹಾಡಿನ ನಡುವೆ ಒಂದೇ ಒಂದು ಸಲ ಕಾಲು ಒತ್ತುವುದು.

ಎರಡು ತಿಂಗಳ ಭಾನುವಾರಗಳು ಅದಕ್ಕೇ ಹೋದವು. ನಕ್ಷೆ ನನ್ನದು, ಬೆಸುಗೆ ಅಣ್ಣನದು. ನನಗೆ ಹೆಮ್ಮೆಯಿದ್ದ ಒಂದು ಮಾತನ್ನು ಇಲ್ಲಿ ಹೇಳಲೇಬೇಕು, ಯಾಕೆಂದರೆ ಮುಂದಿನದೆಲ್ಲ ಅದರ ಮೇಲೆ ನಿಂತಿದೆ. ಗಿಟಾರಿನಿಂದ ಬರುವ ತಂತಿಯಲ್ಲಿ ಎರಡು ಎಳೆ. ಒಳಗಿನದು ಸ್ವರ ಹೊರುತ್ತದೆ. ಹೊರಗಿನ ಹೆಣಿಗೆ ಗಿಟಾರಿನ ಲೋಹವನ್ನು ಆಂಪ್ಲಿಫೈಯರ್‌ನ ಲೋಹಕ್ಕೆ ಸೇರಿಸುತ್ತದೆ. ಒಳಗಿನದನ್ನು ಮಾತ್ರ ಬದಲಾಯಿಸಿದರೆ ಎರಡು ಆಂಪ್ಲಿಫೈಯರ್‌ಗಳೂ ಯಾವಾಗಲೂ ಒಂದಕ್ಕೊಂದು ಅಂಟಿಕೊಂಡಿದ್ದು ಗುಂಯ್ ಎನ್ನುತ್ತವೆ. ಅದಕ್ಕೆ ನಾನು ಎರಡು ಎಳೆಯನ್ನೂ ರಿಲೇಯ ಮೂಲಕ ಹಾಯಿಸಿದೆ. ಯಾವ ಆಂಪ್ಲಿಫೈಯರ್ ಬೇಕೋ ಅದಕ್ಕೆ ಗಿಟಾರು ಪೂರ್ತಿ ಸೇರಬೇಕು, ಬೇಡದ್ದನ್ನು ಪೂರ್ತಿ ಬಿಡಬೇಕು. ಪೂರ್ತಿ ಎಂಬ ಪದವನ್ನು ನಕ್ಷೆಯ ಅಂಚಿನಲ್ಲಿ ಬರೆದು ಕೆಳಗೆ ಎರಡು ಗೆರೆ ಎಳೆದಿದ್ದೆ.

ನಾಲ್ಕನೇ ಸ್ವಿಚ್ಚು ಹಳೇ ಆಂಪ್ಲಿಫೈಯರ್‌ನದು.

ಪೆಟ್ಟಿಗೆಯ ಮೊದಲ ಪ್ರದರ್ಶನ ಆಯುಧಪೂಜೆಯ ದಿನ ಎಂದು ತೀರ್ಮಾನವಾಯಿತು. ನಮ್ಮ ಕಡೆ ಕಾರ್ಖಾನೆಗಳಲ್ಲಿ ಆಯುಧಪೂಜೆ ಎಂದರೆ ಮನೆಯ ಹಬ್ಬಕ್ಕಿಂತ ಜೋರು. ಸಿಮೆಂಟು ನೆಲವನ್ನು ಬಕೆಟ್ ಬಕೆಟ್ ನೀರು ಹೊಯ್ದು ತೊಳೆಯುತ್ತಾರೆ. ಲೇತು, ಡ್ರಿಲ್ಲು ಎಲ್ಲಕ್ಕೂ ವಿಭೂತಿಯ ಪಟ್ಟೆ, ಚೆಂಡುಹೂವು. ಪ್ರತಿಯೊಬ್ಬನೂ ತನ್ನ ಕೈಯ ಆಯುಧವನ್ನು ತಂದು ದೇವರ ಮುಂದಿನ ಮೇಜಿನ ಮೇಲೆ ಇಡಬೇಕು. ಸ್ಪ್ಯಾನರ್, ಇಕ್ಕಳ, ಸ್ಕ್ರೂಡ್ರೈವರ್, ನನ್ನ ಮೀಟರು, ಕರೆಂಟಿಗೆ ತಾಗಿದರೆ ದೀಪ ಹತ್ತುವ ನನ್ನ ಟೆಸ್ಟರು. ಮಂಗಳಾರತಿಯಾದ ಮೇಲೆ ಮಾರನೆಯ ಬೆಳಿಗ್ಗೆಯವರೆಗೆ ಅವುಗಳನ್ನು ಮುಟ್ಟುವಂತಿಲ್ಲ. ವರ್ಷವೆಲ್ಲ ದುಡಿದವಕ್ಕೆ ಒಂದು ದಿನ ವಿಶ್ರಾಂತಿ. ಈ ಯೋಚನೆ ನನಗೆ ಚಿಕ್ಕಂದಿನಿಂದ ಇಷ್ಟವಾಗಿತ್ತು. ಈಗಲೂ ಅದರ ಬಗ್ಗೆ ನನಗೆ ಜಗಳವಿಲ್ಲ. ಜಗಳ ಇರುವುದು ಬೇರೆಯದಕ್ಕೆ.

ಪೂಜೆ ಹತ್ತು ಗಂಟೆಗೆ ಮುಗಿಯಿತು. ಗಿಟಾರು, ಆಂಪ್ಲಿಫೈಯರ್, ನಮ್ಮ ಪೆಟ್ಟಿಗೆ ಎಲ್ಲಕ್ಕೂ ಫೋರ್‌ಮನ್ನೇ ಕುಂಕುಮ ಇಟ್ಟರು, ಅರಿಶಿನದ ನೀರು ಚಿಮುಕಿಸಿದರು. ಪೂಜೆಯಾದ ವಾದ್ಯ ನುಡಿಸಬಹುದೇ ಎಂಬ ಚರ್ಚೆ ಬಂತು. ನುಡಿಸುವುದೇ ಅದಕ್ಕೆ ಪೂಜೆ ಎಂದು ಅವರೇ ತೀರ್ಪು ಕೊಟ್ಟರು. ದೇವರ ಪಕ್ಕದಲ್ಲೇ ಹಾಡುವ ಜಾಗ, ಆದ್ದರಿಂದ ಎಲ್ಲರೂ ಚಪ್ಪಲಿ ಬಿಟ್ಟಿದ್ದರು. ಅಣ್ಣ ಬರಿಗಾಲನ್ನು ಸ್ವಿಚ್ಚಿನ ಮೇಲೆ ಇಡಲು ಹೋದ. ಫೋರ್‌ಮನ್ ಅವನ ಮಂಡಿ ಹಿಡಿದು ನಿಲ್ಲಿಸಿದರು.

"ಪೂಜೆ ಆಗಿರೋ ಪೆಟ್ಟಿ ಅಪ್ಪಾ ಅದು. ಕಾಲಿಡ್ತೀಯಾ?"

"ಕಾಲಲ್ಲಿ ಒತ್ತೋಕೇ ಮಾಡಿರೋದು ಸಾರ್ ಅದ. ಇನ್ನೇನು ತಲೇಲಿ ಒತ್ತಲಾ?"

ಎಲ್ಲರೂ ನಕ್ಕರು. ಫೋರ್‌ಮನ್ನೂ ನಕ್ಕರು, ಆದರೆ ಮಂಡಿ ಬಿಡಲಿಲ್ಲ. ನಿನ್ನ ತಂಗಚ್ಚಿ ಇದ್ದಾಳಲ್ಲ, ಅವಳು ಕೂತು ಕೈಯಲ್ಲಿ ಒತ್ತಲಿ ಎಂದರು. ಹಾಗೆ ನಾನು ಪೆಟ್ಟಿಗೆಯ ಮುಂದೆ ಕೂತೆ. ಹಸಿ ನೆಲ, ನನ್ನ ಸೀರೆಯ ಅಂಚು ಒದ್ದೆಯಾಯಿತು.

ಒಂದು, ಎರಡು, ಮೂರು ಒತ್ತಿ ನೋಡಿದೆವು. ಸೊಗಸಾಗಿತ್ತು. ನಾಲ್ಕು ಒತ್ತಿದ ಕೂಡಲೇ ಹಳೇ ಆಂಪ್ಲಿಫೈಯರ್ ಗುಂಯ್ ಎಂದು ಒರಲಲು ಶುರುಮಾಡಿತು. ಪೆಟ್ಟಿಗೆ ಮಾಡುವಾಗ ಮನೆಯ ಶೆಡ್ಡಿನಲ್ಲಿ ಎಷ್ಟೋ ಸಲ ಒತ್ತಿದ್ದೆವು, ಹೀಗೆ ಕೂಗಿರಲಿಲ್ಲ. ಒಳಗೆ ಎಲ್ಲೋ ಕರೆಂಟು ಸೋರುತ್ತಿದೆ ಎಂದು ನನಗೆ ಅನ್ನಿಸಿತು. ಅನ್ನಿಸಿತು ಎನ್ನುವುದು ಕಡಿಮೆಯಾಯಿತು. ಗೊತ್ತಿತ್ತು. ಎದ್ದುಹೋಗಿ ದೇವರ ಮುಂದಿನ ಮೇಜಿನ ಹತ್ತಿರ ನಿಂತೆ. ನನ್ನ ಟೆಸ್ಟರು ಚೆಂಡುಹೂವಿನ ಅಡಿಯಿಂದ ಅರ್ಧ ಕಾಣುತ್ತಿತ್ತು. ಆಂಪ್ಲಿಫೈಯರ್‌ನ ಮೈಗೆ ಅದರ ತುದಿ ಒಮ್ಮೆ ತಾಗಿಸಿದರೆ ಸಾಕಿತ್ತು. ಕೈ ನೀಡಿದೆ.

"ಏನಮ್ಮಾ," ಎಂದರು ಫೋರ್‌ಮನ್ ಮೈಕಿನಲ್ಲೇ, "ಡಿಗ್ರಿ ಓದಿದೋರಿಗೆ ಶಾಸ್ತ್ರ ಇಲ್ವಾ?"

ಮನೆಮಂದಿ, ಅಕ್ಕಪಕ್ಕದ ಕಾರ್ಖಾನೆಯವರು ಸೇರಿ ಮುನ್ನೂರು ಜನ ನಕ್ಕರು. ನಾನು ಕೈ ಹಿಂದಕ್ಕೆ ತೆಗೆದುಕೊಂಡೆ. ನನ್ನ ಪಾಲಿನ ತಪ್ಪು ಇಷ್ಟೇ, ಇದು ಸಣ್ಣದಲ್ಲ.

ಆಮೇಲಿನದು ಸುಲಭವಾಗಿ ಆಗಿಹೋಯಿತು. ಹಳೇ ಆಂಪ್ಲಿಫೈಯರ್‌ನ ಪ್ಲಗ್ಗು ಕಾರ್ಖಾನೆಯ ಕರೆಂಟು ಬೋರ್ಡಿಗೆ ಹೊಂದುತ್ತಿರಲಿಲ್ಲ. ಅದರ ಮೂರು ತಂತಿಗಳನ್ನು ಬೋರ್ಡಿನ ತೂತಿಗೆ ತೂರಿಸಿ ಬೆಂಕಿಕಡ್ಡಿ ಚುಚ್ಚಿ ಬಿಗಿಮಾಡಿದ್ದರು. ಹಸಿರು ತಂತಿ ತೆಗೆದರೆ ಗುಂಯ್ ನಿಲ್ಲುತ್ತದೆ, ದೊಡ್ಡ ಆರ್ಕೆಸ್ಟ್ರಾದವರೂ ಹಾಗೇ ಮಾಡುತ್ತಾರೆ ಎಂದು ಫೋರ್‌ಮನ್ ಹೇಳಿದರು. ಹಸಿರು ಎಂದರೆ ಭೂಮಿಗೆ ಹೋಗುವ ತಂತಿ, ಅರ್ಥ್. ಅದನ್ನು ತೆಗೆಯಲು ಯಾವ ಆಯುಧವೂ ಬೇಕಿರಲಿಲ್ಲ, ಹಾಗಾಗಿ ಯಾವ ಶಾಸ್ತ್ರವೂ ಅಡ್ಡ ಬರಲಿಲ್ಲ. ಅಣ್ಣ ಎರಡು ಬೆರಳಲ್ಲಿ ಎಳೆದ. ಗುಂಯ್ ನಿಂತಿತು. ಮರದ ಪೆಟ್ಟಿಗೆಯೊಂದರ ಮೇಲೆ ಕಾಲು ಮೇಲಿಟ್ಟು ಕೂತು ನಾಲ್ಕನೇ ಸ್ವಿಚ್ಚಿನಲ್ಲಿ ಎರಡು ತುಣುಕು ನುಡಿಸಿ ನೋಡಿದ. ಸ್ವಚ್ಛವಾಗಿತ್ತು. ಎಲ್ಲರೂ ಚಪ್ಪಾಳೆ ತಟ್ಟಿದರು. ಸೋರುತ್ತಿದ್ದದ್ದು ಭೂಮಿಗೆ ಹೋಗುವ ದಾರಿ ಮುಚ್ಚಿಹೋಯಿತು, ಅಷ್ಟೇ. ಅದು ಇನ್ನೊಂದು ದಾರಿ ಕಾಯುತ್ತಾ ಕೂತಿತು.

ಮೊದಲ ಎರಡು ಹಾಡಿನಲ್ಲಿ ನಾಲ್ಕು ಬೇಕಿರಲಿಲ್ಲ. ಮೂರನೆಯದು ತಮಿಳು ಹಾಡು, ಚರಣದ ಮುಂಚೆ ಗಿಟಾರು ಗರ್ಜಿಸಬೇಕು. ಅಣ್ಣ ಒದ್ದೆ ನೆಲದ ಮೇಲೆ ಬರಿಗಾಲಲ್ಲಿ ನಿಂತಿದ್ದ. ಜೊತೆ ದನಿ ಕೊಡಲು ಅವನಿಗೊಂದು ಮೈಕು ಇತ್ತು, ಭೂಮಿಗೆ ಸೇರಿದ್ದ ಕಬ್ಬಿಣದ ಕಂಬದ ಮೇಲೆ. ಅದು ಎತ್ತರವಾಯಿತೆಂದು ಬಲಗೈಯಿಂದ ಅದರ ಕಂಬ ಹಿಡಿದು ಕೆಳಗಿಳಿಸುತ್ತಾ, ನನ್ನ ಕಡೆ ನೋಡಿ ಹುಬ್ಬು ಹಾರಿಸಿದ. ನಾನು ಒತ್ತಿದೆ.

ಅವನ ಬಾಯಿ ತೆರೆಯಿತು, ದನಿ ಬರಲಿಲ್ಲ. ಎಡಗೈ ಗಿಟಾರಿನ ಕೊರಳನ್ನು ಹಿಡಿದದ್ದು ಹಾಗೇ. ಬಲಗೈ ಕಂಬ ಹಿಡಿದದ್ದು ಹಾಗೇ. ಮೈ ಹಿಂದಕ್ಕೆ ಬಿಲ್ಲಿನಂತೆ ಬಾಗಿ ನಡುಗಿತು. ಜನ ಸ್ಟೈಲು ಎಂದುಕೊಂಡರು. ಶಿಳ್ಳೆ ಹೊಡೆದರು. ಮುಂದಿನ ಸಾಲಿನವರು ಎದ್ದು ನಿಂತು ಕುಣಿದರು. ಫೋರ್‌ಮನ್ ಅವನ ಕಡೆ ನೋಡಿ ನಗುತ್ತಾ ಹಾಡುತ್ತಿದ್ದರು.

ನಾನು ಬೆರಳು ತೆಗೆದಿದ್ದೆ. ಆದರೆ ನಮ್ಮ ಸ್ವಿಚ್ಚು ಬೆರಳು ತೆಗೆದರೆ ಬಿಡುವಂಥದ್ದಲ್ಲ. ಇನ್ನೊಂದನ್ನು ಒತ್ತುವವರೆಗೆ ಹಿಡಿದೇ ಇರುತ್ತದೆ. ಹಾಗೆ ಮಾಡಿದವಳು ನಾನೇ. ನಾಲ್ಕರಿಂದ ಒಂದಕ್ಕೆ ಒಂದು ಗೇಣು ದೂರ. ಆ ಗೇಣನ್ನು ದಾಟಲು ನನ್ನ ಕೈಗೆ ಎಷ್ಟು ಹೊತ್ತು ಹಿಡಿಯಿತು ಎಂಬುದು ನನಗೆ ಇಂದಿಗೂ ಗೊತ್ತಿಲ್ಲ. ಪಾತ್ರೆ ತೊಳೆಯುವಾಗ, ಬಸ್ಸಿಗೆ ಕಾಯುವಾಗ ಅದನ್ನು ಅಳೆಯುತ್ತೇನೆ. ಕೆಲವು ದಿನ ಅದು ಒಂದು ಉಸಿರು. ಕೆಲವು ದಿನ ಒಂದು ಚರಣವೇ ಮುಗಿದುಹೋಗುತ್ತದೆ. ಮೊದಲು ಅವನ ಹತ್ತಿರ ಓಡಬೇಕೆಂದು ಮಂಡಿ ಎದ್ದಿತ್ತು, ಅದು ಮಾತ್ರ ನೆನಪಿದೆ. ಓಡಿ ಮುಟ್ಟಿದ್ದರೆ ನಾನೂ ಅಂಟಿಕೊಳ್ಳುತ್ತಿದ್ದೆ. ಆಮೇಲೆ ನಕ್ಷೆಯ ಅಂಚಿನ ಎರಡು ಗೆರೆ ಕಣ್ಣ ಮುಂದೆ ಬಂತು. ಬೇಡದ್ದನ್ನು ಪೂರ್ತಿ ಬಿಡಬೇಕು. ಒಂದನ್ನು ಒತ್ತಿದೆ. ಒಳಗೆ ರಿಲೇ ಟಿಕ್ ಎಂದಿತು. ಅಷ್ಟು ಗದ್ದಲದಲ್ಲಿ ಅದು ಹೇಗೆ ಕೇಳಿಸಿತೋ. ಅಣ್ಣ ಗಿಟಾರಿನ ಸಮೇತ ನೆಲಕ್ಕೆ ಬಿದ್ದ.

ಜನ ಆಗಲೂ ಚಪ್ಪಾಳೆ ತಟ್ಟಿದರು.

ಹೊಸೂರಿನ ಆಸ್ಪತ್ರೆಯಲ್ಲಿ ಮೂರು ದಿನ ಇಟ್ಟುಕೊಂಡರು. ಎಡಗೈಯ ಬೆರಳುಗಳ ಮೇಲೆ ತಂತಿ ತಾಗಿದ್ದಲ್ಲೆಲ್ಲ ಸುಟ್ಟ ಗೆರೆ, ಅಳತೆಪಟ್ಟಿ ಇಟ್ಟು ಎಳೆದ ಹಾಗೆ. ಜೀವಕ್ಕೆ ಭಯವಿಲ್ಲ ಎಂದರು ಡಾಕ್ಟರು. ಮತ್ತೆ ನುಡಿಸುತ್ತಾನಾ ಎಂದು ನಾನು ಕೇಳಿದೆ. ಅದು ಬೆರಳಿಗಿಂತ ಹೆಚ್ಚಾಗಿ ಅವನಿಗೆ ಬಿಟ್ಟದ್ದು ಎಂದರು.

ಮನೆಗೆ ಬಂದ ಮೇಲೆ ಶುರುವಾಯಿತು. "ಆ ಪೆಟ್ಟಿಗೇನ ಕೆರೆಗೆ ಬಿಸಾಕ್ಬುಡು. ನಿಮ್ಮಣ್ಣನ್ನ ತಿನ್ನಾಕೆ ಬಂದದೆ ಅದು," ಎಂದು ಅವ್ವನದು ದಿನಾ ಬೆಳಿಗ್ಗೆ ಅದೇ ಮಾತು. ಒಂದು ಸಂಜೆ ಫೋರ್‌ಮನ್ ಬಾಳೆಹಣ್ಣು ಹಿಡಿದು ಬಂದರು. ಅವರ ಮುಖ ಇಳಿದುಹೋಗಿತ್ತು, ಸುಳ್ಳಲ್ಲ. ಆದರೂ ಅವರು ಹೇಳಿದ್ದು ಇಷ್ಟು: ಯಂತ್ರದಿಂದ ಕಳಚಿ ಬಿಸಾಡಿದ ಸಾಮಾನು, ರಿಜೆಕ್ಟ್ ಆದ ರಿಲೇ, ಅದರಲ್ಲಿ ಮಾಡಿದ ಪೆಟ್ಟಿ ಒಳ್ಳೇದಲ್ಲ. ಇನ್ನು ಆರ್ಕೆಸ್ಟ್ರಾಕ್ಕೆ ಅದು ಬೇಡ, ಎಸೆದುಬಿಡಿ.

ನನಗೆ ಎಲ್ಲಿತ್ತೋ ಸಿಟ್ಟು. ಪೆಟ್ಟಿಗೆ ಹೇಳಿದ್ದನ್ನು ಹೇಳಿದ ಹಾಗೇ ಮಾಡಿದೆ, ಹಸಿರು ತಂತಿ ಕಿತ್ತದ್ದು ಪೆಟ್ಟಿಗೆಯಲ್ಲ, ಟೆಸ್ಟರು ಮುಟ್ಟಬೇಡ ಎಂದದ್ದೂ ಪೆಟ್ಟಿಗೆಯಲ್ಲ ಎಂದೆ. ಹಿರಿಯರ ಮುಂದೆ ಅಷ್ಟು ಮಾತಾಡಿದ್ದು ಅದೇ ಮೊದಲು. ಅವ್ವ ಬಾಗಿಲಲ್ಲಿ ನಿಂತು ಸನ್ನೆ ಮಾಡಿದಳು, ಸಾಕು ಅಂತ. ಫೋರ್‌ಮನ್ ಕಾಫಿಯ ಲೋಟ ಕೆಳಗಿಟ್ಟರು.

"ನಾಲ್ಕು ಒತ್ತಿದ್ದು ನೀನೇ ಅಲ್ವಾಮ್ಮಾ?"

ಮಂಚದ ಮೇಲಿದ್ದ ಅಣ್ಣ ಆಸ್ಪತ್ರೆಯಿಂದ ಬಂದಾಗಿನಿಂದ ನಾಲ್ಕು ಮಾತು ಆಡಿರಲಿಲ್ಲ. ಅವನು ಗೋಡೆಯ ಕಡೆ ಮುಖ ಮಾಡಿಕೊಂಡೇ ಹೇಳಿದ, "ಒಂದು ಒತ್ದೋಳೂ ಅವ್ಳೇ ಸಾರ್."

ಫೋರ್‌ಮನ್ ಕಾಫಿ ಕುಡಿಯದೆ ಹೋದರು.

ಹಳೇ ಆಂಪ್ಲಿಫೈಯರನ್ನು ನಾನು ಬಿಚ್ಚಿದೆ. ಕರೆಂಟು ಬರುವಲ್ಲಿ ಒಂದು ಕೆಪಾಸಿಟರು ಬಿರುಕು ಬಿಟ್ಟು ಮೇಣ ಕಾರಿತ್ತು. ಅದೇ ಸೋರುತ್ತಿದ್ದದ್ದು. ಬೆರಳುಗುರಿನಷ್ಟು ವಸ್ತು. ಅದರ ಜಾಗಕ್ಕೆ ಹೊಸದು ಹಾಕಿ ಹಳೆಯದನ್ನು ಅವ್ವನ ಕೈಯಲ್ಲಿಟ್ಟೆ, ನಿನ್ನ ಮಗನನ್ನು ತಿನ್ನಲು ಬಂದದ್ದು ಇದು, ಇದನ್ನು ಬೇಕಾದರೆ ಕೆರೆಗೆ ಹಾಕು ಎಂದೆ. ಅವಳು ನಿಜವಾಗಿಯೂ ಹೋಗಿ ಹಾಕಿಬಂದಳು. ಕಾಲು ತೊಳೆದು ಒಳಗೆ ಬಂದಳು.

ಆಮೇಲೆ ಪೆಟ್ಟಿಗೆಯನ್ನು ಬಿಚ್ಚಿ ಇನ್ನೊಂದು ರಿಲೇ ಸೇರಿಸಿದೆ. ಅದೂ ರಿಜೆಕ್ಟ್ ಡಬ್ಬಿಯದೇ, ಬೇಕೆಂದೇ ಅದರಿಂದ ಆರಿಸಿದೆ. ಎರಡು ಆಂಪ್ಲಿಫೈಯರ್‌ಗಳಿಗೂ ಇನ್ನು ಮುಂದೆ ಕರೆಂಟು ಈ ಪೆಟ್ಟಿಗೆಯ ಒಂದೇ ಪ್ಲಗ್ಗಿನಿಂದ. ಹಸಿರು ತಂತಿಯಲ್ಲಿ ಭೂಮಿ ಸಿಕ್ಕರೆ ಮಾತ್ರ ಆ ರಿಲೇ ಬಾಗಿಲು ತೆಗೆಯುತ್ತದೆ. ಯಾರಾದರೂ ಹಸಿರನ್ನು ಕಿತ್ತರೆ ಯಾವ ಸ್ವಿಚ್ಚೂ ಕೆಲಸ ಮಾಡುವುದಿಲ್ಲ, ಹಾಡೇ ಇಲ್ಲ. ಹೇಳಿದ್ದನ್ನೆಲ್ಲ ಮಾಡುವ ಪೆಟ್ಟಿಗೆಗೆ ಆಗುವುದಿಲ್ಲ ಎಂದು ಹೇಳುವುದನ್ನೂ ಕಲಿಸಿದೆ. ಅದನ್ನು ನಾನು ಕಲಿತದ್ದೂ ಆಗಲೇ.

ಅಣ್ಣ ಕೆಲಸಕ್ಕೆ ಬಂದ, ಬೆರಳು ವಾಸಿಯಾಯಿತು. ಸಂಜೆ ದನದ ಕೊಟ್ಟಿಗೆಯ ಮುಂದೆ ಕೂತು ಯಾವ ತಂತಿಯನ್ನೂ ಸಿಕ್ಕಿಸದೆ ಬರೀ ಗಿಟಾರು ಮೀಟುತ್ತಿದ್ದ. ನೊಣದ ರೆಕ್ಕೆಯಷ್ಟು ದನಿ. ನಾನು ಪೆಟ್ಟಿಗೆ ತಂದು ಮುಂದಿಟ್ಟರೆ ಒಂದು, ಎರಡು, ಮೂರನ್ನು ಒತ್ತುತ್ತಿದ್ದ. ನಾಲ್ಕರ ಹತ್ತಿರ ಕಾಲು ಹೋಗಿ ನಿಲ್ಲುತ್ತಿತ್ತು. ಪಿನ್ನುಗಳನ್ನು ಬದಲಾಯಿಸಿ ಹಳೇ ಆಂಪ್ಲಿಫೈಯರನ್ನು ಎರಡನೇ ಸ್ವಿಚ್ಚಿಗೆ ತಂದುಬಿಡಲಾ ಎಂದು ಕೇಳಿದೆ. ಒಂದು ನಿಮಿಷದ ಕೆಲಸ. ಬೇಡ ಎಂದ. "ಅದು ಅಲ್ಲೇ ಇರ್ಲಿ ಕಣಮ್ಮಿ. ಅಲ್ಲೇ ಹೋಗಿ ಮುಟ್ಬೇಕು ಅದ."

ಮುಂದಿನ ಆಯುಧಪೂಜೆಗೆ ಫೋರ್‌ಮನ್ ಅವನನ್ನು ಕರೆದರು. ಪೆಟ್ಟಿಗೆಯ ಮಾತು ಅವರು ಎತ್ತಲಿಲ್ಲ. ಅಣ್ಣ ಗೋಣಿತಾಟಿನ ಚೀಲ ತಂದ, ನಾನು ಪೆಟ್ಟಿಗೆ ತಂದೆ. ಯಾರೂ ಬೇಡವೆನ್ನಲಿಲ್ಲ, ಎಲ್ಲರೂ ನೋಡಿದರು. ಬೋರ್ಡಿಗೆ ಸರಿಹೊಂದುವ ಪ್ಲಗ್ಗನ್ನು ನಾನೇ ಚುಚ್ಚಿದೆ.

ದೇವರ ಮೇಜಿಗೆ ಎಲ್ಲರ ಆಯುಧಗಳೂ ಹೋದವು. ನನ್ನ ಮೀಟರು ಇಟ್ಟೆ. ಟೆಸ್ಟರನ್ನು ಇಡಲಿಲ್ಲ, ಕೈಯಲ್ಲೇ ಹಿಡಿದು ನಿಂತೆ. ಫೋರ್‌ಮನ್ ಕುಂಕುಮದ ತಟ್ಟೆ ಹಿಡಿದು ಬಂದು ಕೈ ಚಾಚಿದರು.

"ಕೊಡಮ್ಮಾ."

"ಇದಕ್ಕೆ ಇವತ್ತು ಕೆಲಸ ಇದೆ ಸಾರ್."

ಹೋದ ವರ್ಷ ನಕ್ಕ ಜನವೇ ಅಲ್ಲಿದ್ದರು. ಟೆಸ್ಟರನ್ನು ಎದೆಯ ಮಟ್ಟಕ್ಕೆ ಎತ್ತಿ ಹಿಡಿದೆ. ಕಾಣಲಿ ಎಂದುಕೊಂಡೆ. ಫೋರ್‌ಮನ್ ನನ್ನನ್ನು ನೋಡಿದರು, ಆಮೇಲೆ ಅಣ್ಣನ ಬೆರಳುಗಳನ್ನು ನೋಡಿದರು. ತಟ್ಟೆಯನ್ನು ಇನ್ನೊಂದು ಕೈಗೆ ಬದಲಾಯಿಸಿಕೊಂಡು ಮುಂದಿನವನ ಹತ್ತಿರ ಹೋದರು. ಪೆಟ್ಟಿಗೆಗೆ ಅವರು ಕುಂಕುಮ ಇಡಲಿಲ್ಲ. ಕಾಲಿಡುವುದಕ್ಕೆ ಅಡ್ಡಿ ಇಲ್ಲದಂತೆ ಬಿಟ್ಟರೋ, ಅದರ ಮೇಲಿನ ಕೋಪಕ್ಕೋ, ನಾನು ಕೇಳಲಿಲ್ಲ.

ಅಣ್ಣ ಚಪ್ಪಲಿ ಬಿಡಲಿಲ್ಲ. ರಬ್ಬರಿನ ಹಳೇ ಚಪ್ಪಲಿ. ಅದಕ್ಕೂ ಯಾರೋ ಗೊಣಗಿದರು.

ಮೂರನೇ ಹಾಡಿನ ಮುಂಚೆ ನಾನು ಎದ್ದು ಎಲ್ಲರ ಎದುರಿಗೇ ಹೋದೆ. ಆಂಪ್ಲಿಫೈಯರ್‌ನ ಮೈ, ಮೈಕಿನ ಕಂಬ, ಗಿಟಾರಿನ ಆರು ತಂತಿ ಒಂದೊಂದಾಗಿ ಟೆಸ್ಟರಿನಿಂದ ಮುಟ್ಟಿದೆ. ನಾಲ್ಕನ್ನು ನನ್ನ ಕೈಯಿಂದ ಒತ್ತಿ ಮತ್ತೆ ಎಲ್ಲವನ್ನೂ ಮುಟ್ಟಿದೆ. ಟೆಸ್ಟರಿನ ದೀಪ ಹತ್ತಲಿಲ್ಲ. ಟೆಸ್ಟರೇ ಸತ್ತಿದೆಯೋ ಏನೋ ಎಂದು ಬೋರ್ಡಿನ ತೂತಿಗೆ ಹಾಕಿ ನೋಡಿದೆ. ಕೆಂಪಗೆ ಹತ್ತಿತು. ಮತ್ತೆ ಬಂದು ತಂತಿಗಳನ್ನು ಮುಟ್ಟಿದೆ. ಡ್ರಮ್ಮಿನವನು ಕಾದು ಕಾದು ಕೋಲು ಕೆಳಗಿಟ್ಟ. ಒಂದನ್ನು ಒತ್ತಿ ಸ್ವಿಚ್ಚನ್ನು ಮೊದಲಿನ ಜಾಗಕ್ಕೆ ತಂದು ಪಕ್ಕಕ್ಕೆ ಸರಿದೆ.

ಹಾಡು ಅದೇ ತಮಿಳು ಹಾಡು, ಅಣ್ಣನೇ ಆರಿಸಿದ್ದ. ಪಲ್ಲವಿ ಮುಗಿಯಿತು. ಅವನು ಬಲಗೈಯಿಂದ ಮೈಕಿನ ಕಂಬ ಹಿಡಿದ. ಬೇಕಿರಲಿಲ್ಲ, ಅದು ಸರಿಯಾದ ಎತ್ತರದಲ್ಲೇ ಇತ್ತು. ಹಿಡಿದುಕೊಂಡೇ ನನ್ನ ಕಡೆ ತಿರುಗಿದ, ಹುಬ್ಬು ಹಾರಿಸಲಿಲ್ಲ. ಎಡಗಾಲು ಎತ್ತಿ ನಾಲ್ಕನ್ನು ಒತ್ತಿದ.